ಕುದಿ ಬಾರದ ಕಾಳು

ಸರಕಾರಿ ಕಚೇರಿಯಲ್ಲಿ ಕಡತ ತಿರುವಿ ಹೊಟ್ಟೆ ಹೊರೆಯುವ ನಾವು ಅಡಿಗೆಯ ವಿಷಯ ಬರೆಯಹೊರಟರೆ ಸೋದರಿಯರು ಮುಸಿಮುಸಿ ನಗಬಹುದು. ನಗಲಿ. ಕಳೆದ ದೀಪಾವಳಿಯಲ್ಲಿ ನಮಗೊದಗಿದ ಫಜೀತಿಯನ್ನು ಕೇಳಿಯಾದ ಮೇಲೆ ನಕ್ಕರೆ ಇನ್ನೂ ಚೆನ್ನು.

ನಾಸಿಕದಿಂದ ಯೇವಲಾ ಮಾರ್ಗವಾಗಿ ಛತ್ರಪತಿ ಸಂಭಾಜಿನಗರದಲ್ಲಿರುವ ತಮ್ಮನ ಮನೆಗೆ ಹಬ್ಬಕ್ಕೆ ಹೋಗಿದ್ದೆವು. ಅವನು ಆಗತಾನೆ ಒಂದು ಸ್ಲೋ ಕುಕ್ಕರ್ ಕೊಂಡಿದ್ದ. ಉಪ್ಪಿನಕಾಯಿ ಭರಣಿಯಂಥ ದಪ್ಪ ಪಿಂಗಾಣಿ ಪಾತ್ರೆ. ವಿದ್ಯುತ್ತಿನ ಸಣ್ಣ ಕಾವಿನಲ್ಲಿ ಆರೆಂಟು ತಾಸು ತನ್ನ ಪಾಡಿಗೆ ತಾನು ಬೇಯಿಸುತ್ತದೆ. ಸೀಟಿಯಿಲ್ಲ, ಸದ್ದಿಲ್ಲ. ಅಮೇರಿಕೆಯವರಂತೆ ಸಿಹಿ ಬೀನ್ಸು ಮಾಡಿ ಬ್ರೆಡ್ಡಿನೊಡನೆ ಬಡಿಸಬೇಕೆಂದು ತಮ್ಮನ ಹುರುಪು. ರಾತ್ರಿ ನೆನೆಹಾಕಿದ ಕೆಂಪು ರಾಜ್ಮಾ, ಬೆಲ್ಲ, ಟೊಮೆಟೊ, ಉಳ್ಳಾಗಡ್ಡಿ ಎಲ್ಲವನ್ನೂ ಬೆಳಿಗ್ಗೆ ಒಮ್ಮೆಲೇ ಸುರಿದು, ಮುಚ್ಚಳ ಮುಚ್ಚಿ, ಎಲ್ಲರೂ ದೌಲತಾಬಾದಿನ ಕೋಟೆ ಏರಲು ಹೊರಟೆವು.

ಸಂಜೆ ಮರಳಿದಾಗ ಮನೆಯೆಲ್ಲ ಘಮಘಮ. ಕಾಳು ಮಾತ್ರ ಕೊಂಚ ಗಟ್ಟಿ. "ಪರದೇಶದ ಅಡಿಗಿ, ಹಿಂಗ ಇರತದ" ಎಂದು ತಮ್ಮ ಸಮಾಧಾನ ಹೇಳಿದ. ತಿಂದೆವು. ಎರಡು ತಾಸಿನೊಳಗೆ ತಮ್ಮ, ಅವನ ಹೆಂಡತಿ, ನಮ್ಮ ಹನ್ನೊಂದು ವರ್ಷದ ಮಗಳು ಒಬ್ಬರ ಹಿಂದೊಬ್ಬರು ವಾಂತಿ ಮಾಡತೊಡಗಿದರು. ನಮಗೂ ಹೊಟ್ಟೆ ತೊಳಸಿತು. ಮಗಳ ಕೈಕಾಲು ತಣ್ಣಗಾದಾಗ ನಮ್ಮ ಧೈರ್ಯವೂ ತಣ್ಣಗಾಯಿತು. ಆ ಅಪರಾತ್ರಿಯಲ್ಲಿ ಬಾಗಿಲು ತೆರೆದ ಡಾಕ್ಟರರು ಕೇಳಿದ ಎರಡನೆಯ ಪ್ರಶ್ನೆಯೇ, ಕಾಳನ್ನು ಮೊದಲು ಕುದಿಸಿದ್ದಿರಾ ಎಂದು. ಬೆಳಗಾಗುವಷ್ಟರಲ್ಲಿ ಎಲ್ಲರೂ ಚೇತರಿಸಿಕೊಂಡರು.

ಹಲ್ಲಿಲ್ಲದ್ದರಿಂದ ಅನ್ನ ಮಜ್ಜಿಗೆ ಉಂಡು ಪಾರಾಗಿದ್ದ ನಮ್ಮ ಅವ್ವ ಒಂದೇ ಮಾತು ಆಡಿದಳು: "ಕುದಿ ಬರಸಲಾರದ ಕಾಳು ಯಾರರೆ ಹೊಟ್ಟಿಗೆ ಹಾಕ್ತಾರೇನೋ?"

ಬಿ.ಎ. ಓದಿದ ನಮಗೆ ಗೊತ್ತಿರದ ಸಂಗತಿ ಇದು. ರಾಜ್ಮಾ ಜಾತಿಯ ಹಸಿ ಕಾಳಿನಲ್ಲಿ ಫೈಟೋಹೀಮಾಗ್ಲುಟಿನಿನ್ ಎಂಬ, ನಾಲಿಗೆ ತೊಡರುವ ಹೆಸರಿನ ನಂಜಿದೆ. ನಾಲ್ಕೈದು ಹಸಿ ಕಾಳು ಸಾಕು, ಒಂದರಿಂದ ಮೂರು ತಾಸಿನಲ್ಲಿ ವಾಂತಿ ಹತ್ತುತ್ತದೆ. 1976ರಲ್ಲಿ ಇಂಗ್ಲಂಡಿನಲ್ಲಿ ರಜೆಗೆ ಹೋಗಿದ್ದ ಶಾಲಾಬಾಲಕರು ಬರೇ ನೆನೆಹಾಕಿದ ಕಾಳು ತಿಂದು ಹಾಸಿಗೆ ಹಿಡಿದಿದ್ದರು. ಚೆನ್ನಾಗಿ ಕುದಿಸಿದರೆ ಈ ನಂಜು ನಾಶವಾಗುತ್ತದೆ. ಆದರೆ 80 ಡಿಗ್ರಿಯ ಮಂದ ಕಾವಿನಲ್ಲಿ ಅರೆಬೆಂದ ಕಾಳು ಹಸಿ ಕಾಳಿಗಿಂತ ಐದು ಪಟ್ಟು ಕೆಡುಕಾಗಬಲ್ಲದು. ಸ್ಲೋ ಕುಕ್ಕರಿನ ಒಡಲಿನಲ್ಲಿ ಎಷ್ಟೋ ಸಲ ಅಷ್ಟೇ ಕಾವು. ಪ್ರೆಶರ್ ಕುಕ್ಕರಿನೊಳಗೆ ಸುಮಾರು 120 ಡಿಗ್ರಿ ಇರುವುದರಿಂದ ನಮ್ಮ ಮನೆಗಳಲ್ಲಿ ಈ ಅಪಾಯ ಯಾರ ಅರಿವಿಗೂ ಬಂದಿರಲಿಲ್ಲ. ಧಾರವಾಡದ ಕಡೆ ನಮ್ಮ ಅಜ್ಜಿಯೂ ಕಾಳಿನ ಗಡಿಗೆಯನ್ನು ರಾತ್ರಿಯಿಡೀ ಬೂದಿಗೆಂಡದ ಮೇಲೆ ಇಡುತ್ತಿದ್ದಳು ನಿಜ. ಮೊದಲು ಉರಿಯ ಮೇಲೆ ಕೊತಕೊತ ಕುದಿಸಿದ ಮೇಲೆ!

ಪಾತ್ರೆಯನ್ನು ದೂರಿ ಫಲವಿಲ್ಲ. ಅದು ಹುಟ್ಟಿದ್ದೇ ಕಾಳಿಗಾಗಿ. ಲಿಥುವೇನಿಯದ ಯಹೂದಿಗಳು ಶುಕ್ರವಾರ ಸಂಜೆ ಕಾಳಿನ ಗಡಿಗೆಯನ್ನು ರೊಟ್ಟಿ ಭಟ್ಟಿಯ ಆರುವ ಕಾವಿನಲ್ಲಿಟ್ಟು ಮರುದಿನ ಉಣ್ಣುತ್ತಿದ್ದ ಕಥೆಯನ್ನು ತಾಯಿಯಿಂದ ಕೇಳಿ, ಇರ್ವಿಂಗ್ ನ್ಯಾಕ್ಸನ್ ಎಂಬ ಅಮೇರಿಕನ್ನನು ಇದನ್ನು ರಚಿಸಿ 1940ರಲ್ಲಿ ಪೇಟೆಂಟ್ ಪಡೆದ. ನಮ್ಮವರೂ ಹಿಂದೆ ಬಿದ್ದಿರಲಿಲ್ಲ: ಬಂಗಾಲದ ಇಂದುಮಾಧವ ಮಲ್ಲಿಕರು 1910ರಲ್ಲಿಯೇ ಇದ್ದಲಿಯ ಮಂದ ಕಾವಿನ ಇಕ್ಮಿಕ್ ಕುಕ್ಕರ್ ಮಾಡಿದ್ದರು.

"ನನಗ ಬ್ಯಾಡಣ್ಣಾ, ನೀವ ಒಯ್ರಿ" ಎಂದು ತಮ್ಮ ಪಾತ್ರೆಯನ್ನು ನಮ್ಮ ಕೊರಳಿಗೆ ಕಟ್ಟಿದ. ನಾಸಿಕದಲ್ಲಿ ಅದರೊಡನೆ ನಾಲ್ಕು ರವಿವಾರ ಹೆಣಗಿ ಒಂದು ಹದ ಕಂಡುಕೊಂಡಿದ್ದೇವೆ.

ರಾಜ್ಮಾದ ಬದಲು ನಾವು ಸಾತಾರೆಯ ವಾಘ್ಯಾ ಘೇವಡಾ ತರುತ್ತೇವೆ. ಹುಲಿಯ ಮೈಯಂತೆ ಕೆಂಪು ಗೆರೆಗಳ ಈ ಕಾಳಿಗೆ 2016ರಲ್ಲಿ ಭೌಗೋಳಿಕ ಗುರುತು ದೊರೆತಿದೆ; ಊರಿಂದ ಮರಳುವಾಗ ದಾರಿಯಲ್ಲೇ ಸಿಗುತ್ತದೆ. ಇದೂ ರಾಜ್ಮಾದ ಬಳಗವೇ, ಆದುದರಿಂದ ನಿಯಮವೂ ಅದೇ. ಕಾಲು ಕಿಲೋ ಕಾಳನ್ನು ರಾತ್ರಿಯೆಲ್ಲ ನೆನೆಸಿ, ಆ ನೀರು ಚೆಲ್ಲಿ, ಹೊಸ ನೀರಿನಲ್ಲಿ ಒಲೆಯ ಮೇಲೆ ಕನಿಷ್ಠ ಅರ್ಧ ತಾಸು ಕೊತಕೊತ ಕುದಿಸಬೇಕು. ಬೆರಳಿಗೆ ಹಿಚುಕಿದರೆ ಮೆತ್ತಗಾಗುವವರೆಗೆ ಬೇಯಲಿ. ಬೆಲ್ಲ, ಟೊಮೆಟೊಗಳನ್ನು ಅಲ್ಲಿಯವರೆಗೆ ಮುಟ್ಟಕೂಡದು. ಹುಳಿಯೂ ಬೆಲ್ಲದಲ್ಲಿರುವ ಸುಣ್ಣದಂಶವೂ ಸಿಪ್ಪೆಯನ್ನು ಬಿಗಿಮಾಡುತ್ತವೆ. ತಮ್ಮನ ಕಾಳು ಗಟ್ಟಿಯಾದುದಕ್ಕೆ ಇದೂ ಒಂದು ಕಾರಣ.

ಅನಂತರ ಪಾತ್ರೆಯ ಸರದಿ. ಬಾಡಿಸಿದ ಎರಡು ಲಾಸಲಗಾಂವ ಉಳ್ಳಾಗಡ್ಡಿ, ಮೂರು ಟೊಮೆಟೊ, ನಿಂಬೆಗಾತ್ರದ ಎರಡು ಉಂಡೆ ಕೊಲ್ಹಾಪುರದ ಬೆಲ್ಲ, ಅರ್ಧ ಚಮಚ ಸಾಸಿವೆ ಪುಡಿ, ಉಪ್ಪು, ಬ್ಯಾಡಗಿ ಮೆಣಸಿನ ಪುಡಿ, ಕಾಳು ಮುಳುಗುವಷ್ಟು ಬಿಸಿನೀರು. ಮಂದ ಕಾವಿನಲ್ಲಿ ಐದಾರು ತಾಸು. ಬ್ರೆಡ್ಡಿಗಿಂತ ಬಿಸಿ ಜೋಳದ ರೊಟ್ಟಿಗೆ ಇದು ಒಪ್ಪುತ್ತದೆಂಬುದು ನಮ್ಮ ಮನೆಯವಳ ತೀರ್ಪು, ಮೇಲ್ಮನವಿಗೆ ಅವಕಾಶವಿಲ್ಲ.

ಮೊದಲ ಸಲ ಬಡಿಸಿದಾಗ ಮಗಳು ಬಟ್ಟಲನ್ನು ದೂರ ತಳ್ಳಿದಳು. ಅವ್ವ ಒಂದು ಕಾಳೆತ್ತಿ ಬೆರಳಲ್ಲಿ ಹಿಚುಕಿ ತೋರಿಸಿ, ತಾನೇ ಬಾಯಿಗೆ ಹಾಕಿಕೊಂಡಳು. ಮಗಳು ಒಂದು ತಾಸು ಅಜ್ಜಿಯ ಮುಖ ನೋಡುತ್ತ ಕುಳಿತು, ಆಮೇಲೆ ರೊಟ್ಟಿ ಮುರಿದಳು.