ನೀರಿನ ರಿಪೋರ್ಟ್‌ನಲ್ಲಿ ‘ಕೋಲಿಫಾರ್ಮ್’ ಅಂತ ಬಂದ್ರೆ ಏನರ್ಥ? ಟಿಡಿಎಸ್ ಕಡಿಮೆ ಇದ್ರೆ ಸಾಕಾ?

ಕ್ಯಾನ್ ನೀರು ಹಾಕುವವರು ಜೇಬಿನಿಂದ ಪೆನ್ನಿನಂಥ ಮೀಟರ್ ತೆಗೆದು, ಲೋಟದ ನೀರಿಗೆ ಅದ್ದಿ, ‘ನೋಡಿ ಅಣ್ಣ, ಬರೀ 60 ಇದೆ’ ಅಂತ ತೋರಿಸುವುದು ಈಗ ಅಂಗಡಿ, ಹೋಟೆಲ್‌ಗಳಲ್ಲಿ ಮಾಮೂಲು. ನಂಬರ್ ಕಡಿಮೆ ಕಂಡರೆ ನೀರು ಶುದ್ಧ ಎಂದು ಗ್ರಾಹಕರೂ ಒಪ್ಪಿಕೊಳ್ಳುತ್ತಾರೆ. ಆದರೆ ಅದೇ ನೀರನ್ನು ಲ್ಯಾಬ್‌ಗೆ ಕೊಟ್ಟಾಗ ರಿಪೋರ್ಟ್‌ನ ಕೊನೆಯ ಸಾಲಿನಲ್ಲಿ ‘ಟೋಟಲ್ ಕೋಲಿಫಾರ್ಮ್: ಪ್ರೆಸೆಂಟ್’ ಎಂದು ಬರಬಹುದು. ಹಾಗೆ ಬಂದರೆ ಮೀಟರ್ ಸುಳ್ಳು ಹೇಳಿದೆ ಎಂದಲ್ಲ. ಅದು ಅಳೆದಿದ್ದೇ ಬೇರೆ, ಲ್ಯಾಬ್ ಹುಡುಕಿದ್ದೇ ಬೇರೆ.

ಟಿಡಿಎಸ್ ಮೀಟರ್ ನೋಡುವುದು ನೀರಿನಲ್ಲಿ ಎಷ್ಟು ಕರೆಂಟ್ ಹರಿಯುತ್ತದೆ ಎಂಬುದನ್ನು. ಅದರಿಂದ ಕರಗಿರುವ ಲವಣ ಎಷ್ಟು ಎಂದು ಅಂದಾಜು ಹಾಕುತ್ತದೆ. ಬ್ಯಾಕ್ಟೀರಿಯಾ ಅದರ ಕಣ್ಣಿಗೆ ಬೀಳುವುದೇ ಇಲ್ಲ. ಟಿಡಿಎಸ್ 900 ಇರುವ ಗಡಸು ಬೋರ್‌ವೆಲ್ ನೀರಿನಲ್ಲಿ ಒಂದೂ ಕೋಲಿಫಾರ್ಮ್ ಇಲ್ಲದಿರಬಹುದು, 50 ಇರುವ ಸಿಹಿ ನೀರಿನಲ್ಲಿ ಸಾವಿರಾರು ಇರಬಹುದು.

ಹಾಗಾದರೆ ಈ ಕೋಲಿಫಾರ್ಮ್ ಅಂದ್ರೆ ಏನು? ಹೆಸರು ಕೇಳಿದ ಕೂಡಲೇ ‘ಕೋಳಿ ಫಾರ್ಮಾ?’ ಅಂತ ನಗುವವರಿದ್ದಾರೆ. ಹೆಸರಿಗೂ ಕೋಳಿಗೂ ಸಂಬಂಧವಿಲ್ಲ (ಕೋಳಿ ಹಿಕ್ಕೆಯಲ್ಲಿ ಕೋಲಿಫಾರ್ಮ್ ಧಾರಾಳವಾಗಿ ಇರುತ್ತದೆ, ಅದು ಬೇರೆ ಮಾತು). 1885ರಲ್ಲಿ ಮ್ಯೂನಿಕ್‌ನಲ್ಲಿ ಥಿಯೋಡೋರ್ ಎಶೆರಿಶ್ ಎಂಬ ಮಕ್ಕಳ ವೈದ್ಯರು ಶಿಶುಗಳ ಮಲದಲ್ಲಿ ಕಡ್ಡಿಯಾಕಾರದ ಒಂದು ಬ್ಯಾಕ್ಟೀರಿಯಾ ಗುರುತಿಸಿದರು. ದೊಡ್ಡ ಕರುಳಿಗೆ ‘ಕೋಲನ್’ ಎನ್ನುವುದರಿಂದ ಅದಕ್ಕೆ ‘ಕೋಲಿ’ ಎಂಬ ಹೆಸರು ಅಂಟಿಕೊಂಡಿತು. ಮುಂದೆ ಆ ವೈದ್ಯರ ಹೆಸರೂ ಸೇರಿ ‘ಎಶೆರಿಶಿಯಾ ಕೋಲಿ’, ಅಂದ್ರೆ ಇ.ಕೋಲಿ ಆಯಿತು. ಅದನ್ನು ಹೋಲುವ ಬ್ಯಾಕ್ಟೀರಿಯಾಗಳ ಇಡೀ ಗುಂಪಿಗೆ ‘ಕೋಲಿಯ ರೂಪದ್ದು’ ಎಂಬರ್ಥದಲ್ಲಿ ಕೋಲಿಫಾರ್ಮ್ ಎನ್ನುತ್ತಾರೆ. ಅಂದ್ರೆ ಇದು ಒಂದು ರೋಗದ ಹೆಸರಲ್ಲ, ಒಂದೇ ಕ್ರಿಮಿಯ ಹೆಸರೂ ಅಲ್ಲ. ಇ.ಕೋಲಿ, ಕ್ಲೆಬ್ಸಿಯೆಲ್ಲಾ, ಎಂಟರೋಬ್ಯಾಕ್ಟರ್, ಸಿಟ್ರೋಬ್ಯಾಕ್ಟರ್ ಎಲ್ಲ ಈ ಗುಂಪಿನವೇ. ಹಾಲಿನಲ್ಲಿರುವ ಲ್ಯಾಕ್ಟೋಸ್ ಸಕ್ಕರೆಯನ್ನು ತಿಂದು ಹುಳಿ ಮತ್ತು ಗ್ಯಾಸ್ ಬಿಡುವುದು ಇವುಗಳ ಸಾಮಾನ್ಯ ಗುಣ.

ಇಲಿ ಹಿಕ್ಕೆ ಕಂಡಂತೆ

ಇವುಗಳಲ್ಲಿ ಹೆಚ್ಚಿನವು ಕಾಯಿಲೆ ತರುವುದಿಲ್ಲ. ಇ.ಕೋಲಿಯಲ್ಲೂ ಬಹುಪಾಲು ನಮ್ಮ ಕರುಳಿನಲ್ಲಿ ತಮ್ಮ ಪಾಡಿಗೆ ಇರುವಂಥವು, ಕೆಲವು ಬಗೆ ಮಾತ್ರ ಭೇದಿ ತರಿಸುತ್ತವೆ. ಮತ್ಯಾಕೆ ಇಷ್ಟು ಹೆದರಿಕೆ?

ಕಿರಾಣಿ ಅಂಗಡಿಯವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಅಕ್ಕಿ ಮೂಟೆ ಪಕ್ಕ ಬೆಳಿಗ್ಗೆ ನಾಲ್ಕು ಇಲಿ ಹಿಕ್ಕೆ ಕಂಡರೆ, ಇಲಿಯನ್ನು ಕಣ್ಣಾರೆ ನೋಡದಿದ್ದರೂ ಗೋಡೌನ್‌ಗೆ ದಾರಿ ಆಗಿದೆ ಅಂತ ಗೊತ್ತಾಗುತ್ತದೆ. ಕೋಲಿಫಾರ್ಮ್ ಕೂಡ ಅಂಥದೇ ಗುರುತು. ಕಾಲರಾ, ಟೈಫಾಯ್ಡ್, ಕಾಮಾಲೆಯ ಹೆಪಟೈಟಿಸ್ ಎ, ಇವೆಲ್ಲ ರೋಗಿಯ ಮಲದಿಂದ ನೀರಿಗೆ ಬಂದು ಇನ್ನೊಬ್ಬರ ಬಾಯಿಗೆ ಸೇರುವ ಕಾಯಿಲೆಗಳು. ಒಂದೊಂದನ್ನೂ ಪ್ರತ್ಯೇಕವಾಗಿ ನೀರಿನಲ್ಲಿ ಹುಡುಕುವುದು ದುಬಾರಿ ಮತ್ತು ತಡ. ಊರಲ್ಲಿ ರೋಗಿ ಇಲ್ಲದ ದಿನ ಅವು ಸಿಗುವುದೂ ಇಲ್ಲ. ಆದರೆ ಆರೋಗ್ಯವಂತರ ಮಲದಲ್ಲೂ ಒಂದು ಗ್ರಾಂಗೆ ಕೋಟಿಗಟ್ಟಲೆ ಕೋಲಿಫಾರ್ಮ್ ಇರುತ್ತದೆ. ಅದು ನೀರಿನಲ್ಲಿ ಸಿಕ್ಕಿತು ಅಂದ್ರೆ ಹೊರಗಿನ ಗಲೀಜು ಒಳಗೆ ಬರಲು ಎಲ್ಲೋ ದಾರಿಯಾಗಿರುವ ಅನುಮಾನ. ಇವತ್ತು ಬರೀ ನಿರುಪದ್ರವಿ ಬ್ಯಾಕ್ಟೀರಿಯಾ ಬಂದಿರಬಹುದು, ನಾಳೆ ಅದೇ ದಾರಿಯಲ್ಲಿ ಕಾಲರಾ ಬರಬಹುದು. 2022ರಲ್ಲಿ ರಾಯಚೂರಿನಲ್ಲಿ, 2023ರ ಆಗಸ್ಟ್‌ನಲ್ಲಿ ಚಿತ್ರದುರ್ಗದ ಕವಾಡಿಗರಹಟ್ಟಿಯಲ್ಲಿ ಕಲುಷಿತ ನೀರಿನ ಪ್ರಕರಣಗಳಲ್ಲಿ ಸಾವುಗಳೇ ಆದವು.

ರಿಪೋರ್ಟ್ ಓದುವುದು ಹೇಗೆ?

ರಿಪೋರ್ಟ್‌ನಲ್ಲಿ ಸಾಮಾನ್ಯವಾಗಿ ಎರಡು ಸಾಲು ಇರುತ್ತವೆ. ‘ಟೋಟಲ್ ಕೋಲಿಫಾರ್ಮ್’ ಅಂದರೆ ಇಡೀ ಗುಂಪು. ಇದರಲ್ಲಿ ಕೆಲವು ಮಣ್ಣಿನಲ್ಲಿ, ಕೊಳೆತ ಎಲೆಯಲ್ಲಿ, ಹಳೇ ಪೈಪಿನ ಒಳಗಿನ ಲೋಳೆಯಲ್ಲೂ ಬದುಕುತ್ತವೆ. ಆದ್ದರಿಂದ ಇದೊಂದೇ ಬಂದಿದ್ದರೆ ನೀರಿಗೆ ಮಲವೇ ಸೇರಿದೆ ಎಂದು ಹೇಳಲಾಗದು. ಟ್ಯಾಂಕ್ ಮುಚ್ಚಳ ತೆರೆದಿದೆಯೋ, ಎಲ್ಲಾದರೂ ಸೋರಿಕೆ ಇದೆಯೋ ನೋಡಿ, ಕ್ಲೋರಿನ್ ಹಾಕಿ, ಮತ್ತೆ ಪರೀಕ್ಷೆ ಮಾಡಿಸಬೇಕು. ಎರಡನೇ ಸಾಲು ‘ಫೀಕಲ್ ಕೋಲಿಫಾರ್ಮ್’, ‘ಥರ್ಮೋಟಾಲರೆಂಟ್’ ಅಥವಾ ನೇರವಾಗಿ ‘ಇ.ಕೋಲಿ’. 44.5 ಡಿಗ್ರಿ ಬಿಸಿಯಲ್ಲೂ ಬೆಳೆಯುವ ಗುಂಪು ಇದು. ಇ.ಕೋಲಿ ಬಂತು ಅಂದ್ರೆ ಮನುಷ್ಯರದೋ ದನಕರುಗಳದೋ ಮಲ ಇತ್ತೀಚೆಗೆ ನೀರಿಗೆ ಸೇರಿದೆ ಎಂದೇ ಲೆಕ್ಕ. ಆ ನೀರನ್ನು ಕುದಿಸದೆ ಕುಡಿಯುವಂತಿಲ್ಲ, ಕೊಡುವಂತಿಲ್ಲ.

ಕುಡಿಯುವ ನೀರಿನ ಭಾರತೀಯ ಮಾನದಂಡ ಐಎಸ್ 10500 ಪ್ರಕಾರ 100 ಮಿ.ಲೀ. ನೀರಿನಲ್ಲಿ ಇವೆರಡೂ ಪತ್ತೆಯಾಗಬಾರದು. ಟಿಡಿಎಸ್‌ಗೆ 500ರ ಮಿತಿ ಇದ್ದರೂ ಬೇರೆ ನೀರಿನ ಮೂಲ ಇಲ್ಲದ ಕಡೆ 2000ದವರೆಗೆ ಸಡಿಲಿಕೆ ಇದೆ. ಕೋಲಿಫಾರ್ಮ್‌ಗೆ ಅಂಥ ಸಡಿಲಿಕೆ ಇಲ್ಲ.

ಇನ್ನು ಪಕ್ಕದ ‘ಎಂಪಿಎನ್’ ಎಂಬ ಅಕ್ಷರಗಳು. ಬಹಳ ಜನ ಅದನ್ನು ಎಣಿಸಿದ ಸಂಖ್ಯೆ ಅಂದುಕೊಳ್ಳುತ್ತಾರೆ. ಅದು ಎಣಿಕೆಯಲ್ಲ, ಅಂದಾಜು. ‘ಅತಿ ಸಂಭವನೀಯ ಸಂಖ್ಯೆ’ ಎನ್ನುವುದು ಅದರ ಅರ್ಥ. ಲ್ಯಾಬ್‌ನಲ್ಲಿ ಲ್ಯಾಕ್ಟೋಸ್ ಇರುವ ದ್ರಾವಣದ ಟ್ಯೂಬ್‌ಗಳಿಗೆ ನಿಮ್ಮ ನೀರನ್ನು 10 ಮಿ.ಲೀ., 1 ಮಿ.ಲೀ., 0.1 ಮಿ.ಲೀ. ಹೀಗೆ ಬೇರೆ ಬೇರೆ ಅಳತೆಯಲ್ಲಿ ಹಾಕುತ್ತಾರೆ. ಪ್ರತಿ ಟ್ಯೂಬ್‌ನೊಳಗೆ ಬೋರಲು ಹಾಕಿದ ಒಂದು ಪುಟ್ಟ ಗಾಜಿನ ನಳಿಕೆ ಇರುತ್ತದೆ. 35ರಿಂದ 37 ಡಿಗ್ರಿ ಬಿಸಿಯಲ್ಲಿ ಒಂದೆರಡು ದಿನ ಇಟ್ಟಾಗ ಕೋಲಿಫಾರ್ಮ್ ಇದ್ದರೆ ದ್ರಾವಣದ ಬಣ್ಣ ಬದಲಾಗಿ, ಪುಟ್ಟ ನಳಿಕೆಯಲ್ಲಿ ಗ್ಯಾಸಿನ ಗುಳ್ಳೆ ನಿಲ್ಲುತ್ತದೆ. ಎಷ್ಟು ಟ್ಯೂಬ್‌ನಲ್ಲಿ ಗುಳ್ಳೆ ಬಂತು ಎಂದು ನೋಡಿ, ಸಿದ್ಧ ಕೋಷ್ಟಕದಲ್ಲಿ ಅದಕ್ಕೆ ತಾಳೆಯಾಗುವ ಸಂಖ್ಯೆಯನ್ನು ಬರೆಯುತ್ತಾರೆ. ಹಾಗಾಗಿ ಪಕ್ಕದ ಮನೆಗೆ 23, ನಮಗೆ 27 ಅಂತ ಜಗಳ ಆಡಿ ಉಪಯೋಗವಿಲ್ಲ. ಎರಡೂ ಒಂದೇ.

‘<2’ ಎಂದು ಬರೆದಿದ್ದರೆ ಒಂದಾದರೂ ಇದೆಯೇನೋ ಎಂಬ ಗಾಬರಿ ಬೇಡ. ಯಾವ ಟ್ಯೂಬ್‌ನಲ್ಲೂ ಗುಳ್ಳೆ ಬಂದಿಲ್ಲ, ಈ ವಿಧಾನಕ್ಕೆ ಅದಕ್ಕಿಂತ ಕೆಳಗೆ ಬರೆಯಲು ಬರುವುದಿಲ್ಲ ಅಷ್ಟೇ. ಕೆಲವು ಲ್ಯಾಬ್‌ಗಳು ‘ಸಿಎಫ್‌ಯು’ ಎಂದು ಕೊಡುತ್ತವೆ. ಅಲ್ಲಿ 100 ಮಿ.ಲೀ. ನೀರನ್ನು ಸೂಕ್ಷ್ಮ ಫಿಲ್ಟರ್‌ನಲ್ಲಿ ಸೋಸಿ, ಅದರ ಮೇಲೆ ಬೆಳೆದ ಚುಕ್ಕೆಗಳನ್ನು ಎಣಿಸಿರುತ್ತಾರೆ.

ಗ್ರಾಮ ಪಂಚಾಯಿತಿಗಳಲ್ಲಿ ನೀರು ಹಾಕಿ ಇಡುವ ಚಿಕ್ಕ ಬಾಟಲಿ, ಅದೇ ‘ಕಪ್ಪಾದರೆ ಕೆಟ್ಟ ನೀರು’ ಅನ್ನುವುದು, ಹೈಡ್ರೋಜನ್ ಸಲ್ಫೈಡ್ ಪರೀಕ್ಷೆ. 1982ರಲ್ಲಿ ಗ್ವಾಲಿಯರ್‌ನ ವಿಜ್ಞಾನಿಗಳು ಪ್ರಕಟಿಸಿದ ವಿಧಾನ ಇದು. ಇದು ಕೋಲಿಫಾರ್ಮ್ ಅನ್ನೇ ಹುಡುಕುವುದಿಲ್ಲ. ಮಲದಲ್ಲಿರುವ, ಆ ಗ್ಯಾಸ್ ಬಿಡುವ ಬ್ಯಾಕ್ಟೀರಿಯಾಗಳನ್ನು ತೋರಿಸುತ್ತದೆ. ನೆಲದಲ್ಲೇ ಗಂಧಕದ ಅಂಶ ಇರುವ ಕಡೆ ಸುಮ್ಮಸುಮ್ಮನೆ ಕಪ್ಪಾಗುವುದೂ ಉಂಟು. ಬಾಟಲಿ ಕಪ್ಪಾದರೆ ಲ್ಯಾಬ್ ಪರೀಕ್ಷೆ ಆಗಲೇಬೇಕು, ಅಲ್ಲಿಯವರೆಗೆ ನೀರು ಕುದಿಸಿಯೇ ಕುಡಿಯಬೇಕು.

ಆರ್‌ಒ ನೀರಿಗೆ ಎಲ್ಲಿಂದ ಬಂತು?

ಆರ್‌ಒ ಪೊರೆ ಸರಿಯಿದ್ದರೆ ಬ್ಯಾಕ್ಟೀರಿಯಾವನ್ನೂ ತಡೆಯುತ್ತದೆ. ತೊಂದರೆ ಅದರ ನಂತರದ್ದು. ಆರ್‌ಒಗೂ ಮೊದಲಿನ ಕಾರ್ಬನ್ ಫಿಲ್ಟರ್ ನೀರಿನಲ್ಲಿದ್ದ ಕ್ಲೋರಿನ್ ಅನ್ನು ತೆಗೆದುಬಿಡುತ್ತದೆ. ಯುವಿ ದೀಪದ ಕೆಲಸ ಆ ಕ್ಷಣಕ್ಕೆ ಮಾತ್ರ. ಅಂದ್ರೆ ಶುದ್ಧವಾದ ನೀರಿಗೆ ಮುಂದೆ ಕಾವಲು ಇಲ್ಲ. ಶೇಖರಣಾ ಟ್ಯಾಂಕ್ ತಿಂಗಳುಗಟ್ಟಲೆ ತೊಳೆದಿಲ್ಲ, ನಲ್ಲಿಯ ತುದಿಯನ್ನು ಹತ್ತು ಜನ ಮುಟ್ಟಿದ್ದಾರೆ, ತಂದ ಕ್ಯಾನ್‌ನ ತಳದಲ್ಲಿ ಹಸಿರು ಪಾಚಿ ಇದೆ, ಹೋಟೆಲ್‌ನಲ್ಲಿ ಡ್ರಮ್ಮಿಗೆ ಕೈಸಮೇತ ಚೊಂಬು ಅದ್ದುತ್ತಾರೆ. ಇಷ್ಟರಲ್ಲಿ ಒಂದು ಸಾಕು. ಹಾಗಾಗಿ ಶುದ್ಧ ನೀರಿನ ಘಟಕದವರ ರಿಪೋರ್ಟ್ ಚೆನ್ನಾಗಿದ್ದು, ನಿಮ್ಮ ಅಂಗಡಿಯ ಲೋಟದ ನೀರಿನ ರಿಪೋರ್ಟ್ ಕೆಟ್ಟದಾಗಿ ಬರುವುದು ಸಾಧ್ಯ. ಜ್ಯೂಸ್ ಅಂಗಡಿಯವರಿಗೆ ಐಸ್‌ ವಿಷಯದಲ್ಲೂ ಇದೇ ಮಾತು: ಮಂಜುಗಡ್ಡೆಯಾದರೆ ಬ್ಯಾಕ್ಟೀರಿಯಾ ಎಲ್ಲ ಸಾಯುವುದಿಲ್ಲ.

ನಲ್ಲಿ ನೀರಿನದು ಇನ್ನೊಂದು ಕಥೆ. ಮೂರು ನಾಲ್ಕು ದಿನಕ್ಕೊಮ್ಮೆ ನೀರು ಬಿಡುವ ಊರುಗಳಲ್ಲಿ, ನೀರು ನಿಲ್ಲಿಸಿದ ಮೇಲೆ ಪೈಪಿನೊಳಗೆ ಒತ್ತಡ ಬಿದ್ದುಹೋಗುತ್ತದೆ. ಚರಂಡಿ ಪಕ್ಕದಲ್ಲೋ ವಾಲ್ವ್ ಗುಂಡಿಯಲ್ಲೋ ಪೈಪಿಗೆ ಸಣ್ಣ ಬಿರುಕಿದ್ದರೆ ಅಲ್ಲಿ ನಿಂತ ಗಲೀಜು ನೀರು ಒಳಗೆ ಎಳೆದುಕೊಳ್ಳುತ್ತದೆ. ಮುಂದಿನ ಸಲ ನೀರು ಬಿಟ್ಟಾಗ ಮೊದಲು ಬರುವುದು ಅದೇ. ನಲ್ಲಿಗೆ ನೇರವಾಗಿ ಮೋಟಾರ್ ಹಾಕಿ ಎಳೆಯುವವರು ಈ ಗಲೀಜನ್ನು ಇನ್ನೂ ಜೋರಾಗಿ ಎಳೆಯುತ್ತಾರೆ, ತಮ್ಮ ಮನೆಗೂ, ಬೀದಿಗೂ.

ಇದಕ್ಕೇ ಪೈಪಿನ ಕೊನೆಯ ಮನೆಯಲ್ಲೂ ನೀರಿನಲ್ಲಿ ಲೀಟರ್‌ಗೆ 0.2 ಮಿ.ಗ್ರಾಂ ಕ್ಲೋರಿನ್ ಉಳಿದಿರಬೇಕು ಎಂಬ ನಿಯಮ ಇರುವುದು. ‘ಬ್ಲೀಚಿಂಗ್ ವಾಸನೆ ಬರ್ತದೆ’ ಅಂತ ನೀರುಗಂಟಿಯನ್ನು ಬೈಯುವವರು ಇದನ್ನೂ ಗಮನಿಸಬೇಕು. ಮನೆ, ಅಂಗಡಿ ಟ್ಯಾಂಕ್‌ಗೆ ಹಾಕುವುದಾದರೆ 1000 ಲೀಟರ್‌ಗೆ ಸುಮಾರು 2.5 ಗ್ರಾಂ ಒಳ್ಳೆಯ ಬ್ಲೀಚಿಂಗ್ ಪೌಡರ್. ಅದನ್ನು ಬಕೆಟ್‌ನಲ್ಲಿ ಕಲಸಿ, ಸುಣ್ಣ ತಳಕ್ಕೆ ಕೂತ ಮೇಲೆ ಮೇಲಿನ ತಿಳಿ ಮಾತ್ರ ಹಾಕಿ ಒಂದು ಗಂಟೆ ಬಿಡಬೇಕು. ವರ್ಷದಿಂದ ಬಾಯಿ ತೆರೆದಿಟ್ಟ ಪೌಡರ್‌ಗೆ ಶಕ್ತಿ ಇರುವುದಿಲ್ಲ. ತುರ್ತಿಗೆ ನೀರನ್ನು ಗುಳುಗುಳು ಕೊತಕೊತ ಅನ್ನುವಂತೆ ಒಂದು ನಿಮಿಷ ಕುದಿಸಿದರೂ ಸಾಕು.

ರಿಪೋರ್ಟ್ ‘ಆಬ್ಸೆಂಟ್’ ಎಂದು ಬಂದರೂ ಅದು ಆ ದಿನದ, ಆ ನಲ್ಲಿಯ 100 ಮಿ.ಲೀ.ಗೆ ಮಾತ್ರ ಸೀಮಿತ. ಮಳೆಗಾಲಕ್ಕೆ ಮೊದಲಿನ ರಿಪೋರ್ಟ್‌ಗೆ ಫ್ರೇಮ್ ಹಾಕಿ ಗಲ್ಲಾಪೆಟ್ಟಿಗೆ ಹಿಂದೆ ನೇತುಹಾಕಿದರೆ ಮಳೆಗಾಲದ ನೀರಿಗೆ ಅದು ಸಾಕ್ಷಿಯಾಗದು. ಅಲ್ಲದೆ ಕೆಲವು ವೈರಸ್‌ಗಳು, ಜಿಯಾರ್ಡಿಯಾದಂಥ ಪರಾವಲಂಬಿಗಳು ಕ್ಲೋರಿನ್‌ಗೆ ಕೋಲಿಫಾರ್ಮ್‌ನಷ್ಟು ಬೇಗ ಸಾಯುವುದಿಲ್ಲ.

ಪರೀಕ್ಷೆಗೆ ಕೊಡುವವರು ಹೆಚ್ಚಾಗಿ ತಪ್ಪುವುದು ಬಾಟಲಿಯಲ್ಲಿ. ಕೂಲ್ ಡ್ರಿಂಕ್ಸ್ ಬಾಟಲಿ ತೊಳೆದು ನೀರು ತುಂಬಿಸಿ ತಂದರೆ ಬಾಟಲಿಯ ಬ್ಯಾಕ್ಟೀರಿಯಾವೇ ರಿಪೋರ್ಟ್‌ನಲ್ಲಿ ಬರುತ್ತದೆ. ಲ್ಯಾಬ್‌ನಿಂದಲೇ ಕ್ರಿಮಿರಹಿತ ಬಾಟಲಿ ಕೇಳಿ ಪಡೆಯಬೇಕು. ನಲ್ಲಿ ಬಾಯಿ ಒರೆಸಿ, ಒಂದೆರಡು ನಿಮಿಷ ನೀರು ಹರಿಯಬಿಟ್ಟು, ಮುಚ್ಚಳದ ಒಳಭಾಗ ಮುಟ್ಟದೆ ತುಂಬಿಸಿ, ಐಸ್ ಡಬ್ಬಿಯಲ್ಲಿಟ್ಟು ಸಾಧ್ಯವಾದರೆ ಆರು ಗಂಟೆಯೊಳಗೆ ತಲುಪಿಸಬೇಕು. ಗ್ರಾಮೀಣ ಕುಡಿಯುವ ನೀರು ಮತ್ತು ನೈರ್ಮಲ್ಯ ಇಲಾಖೆಯ ಜಿಲ್ಲಾ ಪ್ರಯೋಗಾಲಯದಲ್ಲಿ ಸಾರ್ವಜನಿಕರೂ ಶುಲ್ಕ ಕಟ್ಟಿ ಪರೀಕ್ಷೆ ಮಾಡಿಸಬಹುದು. ಕೊಡುವಾಗ ‘ಬ್ಯಾಕ್ಟೀರಿಯಾ ಪರೀಕ್ಷೆ’ ಎಂದು ಬಿಡಿಸಿ ಹೇಳಿ. ಬರೀ ‘ನೀರು ಟೆಸ್ಟ್’ ಅಂದರೆ ಫ್ಲೋರೈಡ್, ಗಡಸುತನ, ಟಿಡಿಎಸ್ ನೋಡುವ ರಾಸಾಯನಿಕ ಪರೀಕ್ಷೆಯಷ್ಟೇ ಆಗಿ ಬರಬಹುದು, ಕೋಲಿಫಾರ್ಮ್ ಸಾಲು ಅದರಲ್ಲಿ ಇರುವುದೇ ಇಲ್ಲ.