ಮೂಕಿಯ ಹಿಂದಿನ ಲೇಖನಿ

ಮಾತೇ ಇಲ್ಲದ ಚಿತ್ರಕ್ಕೆ ಬರಹಗಾರನ ಹಂಗೇಕೆ ಎಂದು ಕೇಳುವ ಮಿತ್ರರು ನನಗಿದ್ದಾರೆ. ಅವರಿಗೆ ನಾನು ನಿರಂಜನ ಪಾಲರ ಹೆಸರನ್ನು ಹೇಳುತ್ತೇನೆ. ಕೇಳಿ ಬಲ್ಲವರು ವಿರಳ. ‘ಲಾಲ್-ಬಾಲ್-ಪಾಲ್’ ಎಂದು ನಾಡು ಕೊಂಡಾಡಿದ ಮೂವರಲ್ಲಿ ಕೊನೆಯವರಾದ ಬಿಪಿನ್‌ಚಂದ್ರ ಪಾಲರ ಮಗನೆಂದರೆ ಮಾತ್ರ ತಲೆದೂಗುತ್ತಾರೆ.

1889ರಲ್ಲಿ ಕಲ್ಕತ್ತೆಯಲ್ಲಿ ಹುಟ್ಟಿದ ನಿರಂಜನರು ಎಳೆವಯಸ್ಸಿನಲ್ಲಿಯೇ ಲಂಡನ್ ಸೇರಿದರು. ಅಲ್ಲಿ ಸಾವರ್ಕರರ ಒಡನಾಟವಿದ್ದರೂ ಅವರನ್ನು ಕೊನೆಗೆ ಸೆಳೆದುಕೊಂಡದ್ದು ರಂಗಭೂಮಿ. 1922ರಲ್ಲಿ ಅವರ ‘ದಿ ಗಾಡೆಸ್’ ನಾಟಕ ಆ ನಗರದಲ್ಲಿ ಪ್ರಯೋಗಗೊಂಡಿತು. ಅದರಲ್ಲಿ ಅಭಿನಯಿಸಿದ ಹಿಮಾಂಶು ರಾಯರ ಸ್ನೇಹದಿಂದ ಮೂರು ಮೂಕಿಗಳು ಹುಟ್ಟಿದವು: ‘ಪ್ರೇಮ್ ಸನ್ಯಾಸ್’ (1925), ‘ಶಿರಾಜ್’ (1928), ‘ಪ್ರಪಂಚ ಪಾಶ್’ (1929). ನಿರ್ದೇಶಕರು ಜರ್ಮನಿಯ ಫ್ರಾಂಜ್ ಓಸ್ಟೆನ್, ಕಥೆ ಪಾಲರದು.

‘ಪ್ರೇಮ್ ಸನ್ಯಾಸ್’ ಬುದ್ಧನ ಕಥೆ. ಆದರೆ ಅದು ಆರಂಭವಾಗುವುದು ಐರೋಪ್ಯ ಪ್ರವಾಸಿಗಳಿಂದ. ಮುದುಕನೊಬ್ಬನು ಅವರಿಗೆ ಕಥೆ ಹೇಳುತ್ತಾನೆ. ನಮ್ಮ ಕಥೆಯನ್ನು ಪರರ ಸಮ್ಮತಿಗಾಗಿ ಹೇಳುವ ಈ ಬಗೆ ನನಗೆ ಹಿಡಿಸದು, ಅದೂ ಸ್ವದೇಶಿಯನ್ನು ಸಾರಿದ ತಂದೆಯ ಮಗನಿಂದ!

‘ಶಿರಾಜ್’ನ ಮಾತು ಬೇರೆ. ಕುಂಬಾರನ ಮಗ ಶಿರಾಜ್, ತನ್ನ ಮನೆಯಲ್ಲಿಯೇ ಬೆಳೆದ ಸೆಲೀಮಾಳನ್ನು ಪ್ರೀತಿಸುತ್ತಾನೆ. ಅವಳು ಅಪಹೃತಳಾಗಿ, ದಾಸಿಯಾಗಿ ಮಾರಾಟವಾಗಿ, ರಾಜಕುಮಾರ ಖುರ್ರಮನ ಅರಮನೆಯನ್ನು ಸೇರಿ ಮಮ್ತಾಜಳಾಗುತ್ತಾಳೆ. ಅವಳು ಅಳಿದ ಮೇಲೆ ಸಮಾಧಿಯ ಮಾದರಿಯನ್ನು ಮಾಡಿದವನು ಅದೇ ಶಿರಾಜ್. ಇಂಥದ್ದು ಇನ್ನೊಂದು ಆಗಬಾರದೆಂದು ಚಕ್ರವರ್ತಿ ಅವನ ಕಣ್ಣನ್ನು ಕಳೆಯಲು ಆಜ್ಞಾಪಿಸುತ್ತಾನೆ. ಕಳೆಯಲು ಅಲ್ಲಿ ದೃಷ್ಟಿಯೇ ಉಳಿದಿಲ್ಲ. ಇದು ಚರಿತ್ರೆಯಲ್ಲ, ನಿಜವಾದ ಮಮ್ತಾಜ್ ಆಸಫ್ ಖಾನನ ಮಗಳು, ಕೊಂಡುತಂದ ದಾಸಿಯಲ್ಲ. ಆದರೂ ಚಕ್ರವರ್ತಿಯ ಹೆಸರಿನಲ್ಲಿ ನಿಂತ ಪ್ರೇಮಸ್ಮಾರಕವನ್ನು ಕುಂಬಾರನೊಬ್ಬನ ಎದೆಗೆ ಸಲ್ಲಿಸಿಬಿಟ್ಟ ಲೇಖಕನ ಧೈರ್ಯಕ್ಕೆ ನಾನು ಮಾರುಹೋಗಿದ್ದೇನೆ.

ಮೂಕಿಯಲ್ಲಿ ಮಾತೆಂದರೆ ದೃಶ್ಯಗಳ ನಡುವೆ ಕ್ಷಣಕಾಲ ನಿಲ್ಲುವ ಬರಹದ ಫಲಕ. ಅದನ್ನು ಬದಲಿಸಿದರಾಯಿತು, ಚಿತ್ರವು ಮ್ಯೂನಿಕ್ಕಿಗೂ ಸಲ್ಲುವುದು, ಲಂಡನ್ನಿಗೂ, ಮುಂಬಯಿಗೂ. ಇಂಗ್ಲಿಷಿನಲ್ಲಿ ಬರೆಯುವ ಬಂಗಾಳಿಯೊಬ್ಬರಿಗೆ ಇದಕ್ಕಿಂತ ವಿಶಾಲವಾದ ಅಂಗಳ ದೊರೆಯುವಂತಿರಲಿಲ್ಲ. ಟಾಕಿ ಬಂದೊಡನೆ ಆ ಅಂಗಳಕ್ಕೆ ಭಾಷೆಯ ಬೇಲಿ ಬಿದ್ದಿತು. ರಾಯರು 1934ರಲ್ಲಿ ಸ್ಥಾಪಿಸಿದ ಬಾಂಬೆ ಟಾಕೀಸಿಗೂ ಪಾಲರೇ ಕಥೆಗಾರರು. 1936ರ ‘ಅಛೂತ್ ಕನ್ಯಾ’ ಚಿತ್ರದಲ್ಲಿ ಅಸ್ಪೃಶ್ಯ ಹುಡುಗಿ ಮತ್ತು ಬ್ರಾಹ್ಮಣ ಯುವಕನ ಒಲವನ್ನು ಕಥೆಯಾಗಿಸಿದವರು ಅವರೇ. ಆದರೆ ಪಾತ್ರಗಳ ಬಾಯಲ್ಲಿ ಬಂದ ಹಿಂದೂಸ್ತಾನಿ ಮಾತುಗಳು ಜೆ. ಎಸ್. ಕಶ್ಯಪರವು. ಜನ ನೆನಪಿಟ್ಟುಕೊಂಡದ್ದೋ, ದೇವಿಕಾರಾಣಿಯನ್ನೂ ಅಶೋಕ್ ಕುಮಾರನನ್ನೂ.

ಪಾಲರು 1959ರಲ್ಲಿ ತೀರಿಕೊಂಡರು. 2017ರಲ್ಲಿ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ‘ಶಿರಾಜ್’ನ ಜೀರ್ಣೋದ್ಧಾರ ಮಾಡಿ, ಅನುಷ್ಕಾ ಶಂಕರರ ಹೊಸ ಸಂಗೀತದೊಡನೆ ಲಂಡನ್ನಿನಲ್ಲಿ ತೋರಿಸಿತು. ನಾನು ನೋಡಿದ್ದು ಆ ಪ್ರತಿಯನ್ನೇ. ಕುಂಬಾರನ ಮಗನ ಕುರುಡು ತಿಳಿದುಬರುವ ಗಳಿಗೆಯಲ್ಲಿ ಫಲಕವನ್ನು ಓದುವ ಅಗತ್ಯವೇ ನನಗೆ ಕಾಣಲಿಲ್ಲ.