ಎಲಿಜವೆಟಾ ಸ್ವಿಲೊವಾ: ಸಂಕಲನದ ಮೇಜಿನ ಮುಂದೆ

ಶೂಟಿಂಗ್ ಮುಗಿದ ಮೇಲೆ ಬೇಡದ್ದನ್ನು ಕತ್ತರಿಸಿ ಎಸೆಯುವವರೇ ಎಡಿಟರ್ ಎಂದು ಹಲವರು ತಿಳಿದಿರುತ್ತಾರೆ. ಕತ್ತರಿಸುವುದು ಆ ಕೆಲಸದ ಸಣ್ಣ ಪಾಲು. ಯಾವ ಶಾಟಿನ ಬೆನ್ನಿಗೆ ಯಾವ ಶಾಟ್ ಬರಬೇಕು, ಅದು ಎಷ್ಟು ಹೊತ್ತು ನಿಲ್ಲಬೇಕು ಎಂದು ತೀರ್ಮಾನಿಸುವುದೇ ಸಂಕಲನ. 1920ರ ದಶಕದ ಸೋವಿಯತ್ ನಿರ್ದೇಶಕರು ಸಿನಿಮಾದ ಜೀವಾಳ ಇದೇ ಎಂದು ನಂಬಿದ್ದರು. ಐಸೆನ್‌ಸ್ಟೈನ್, ಕುಲೆಶೊವ್ ಹೆಸರುಗಳು ಹೀಗೆ ಪ್ರಸಿದ್ಧವಾದವು. ಮೇಜಿನ ಮುಂದೆ ಕೂತು ಫಿಲ್ಮ್ ಅಂಟಿಸುತ್ತಿದ್ದ ಹೆಂಗಸರನ್ನು ಮಾತ್ರ ಚರಿತ್ರೆ ಬಹುಕಾಲ ವಿಚಾರಿಸಲೇ ಇಲ್ಲ.

ಅಂಥವರಲ್ಲಿ ಸ್ವಿಲೊವಾ ಒಬ್ಬರು. 1900ರಲ್ಲಿ ಮಾಸ್ಕೋದಲ್ಲಿ ಹುಟ್ಟಿ, ಇನ್ನೂ ಬಾಲಕಿಯಾಗಿದ್ದಾಗಲೇ ಫಿಲ್ಮ್ ಲ್ಯಾಬ್ ಸೇರಿದರು. ಪಾಥೆ ಎಂಬ ಸಿನಿಮಾ ಕಂಪನಿಯಲ್ಲೂ ದುಡಿದರು. ರಷ್ಯಾದ ಕ್ರಾಂತಿಯ ನಂತರ ಜಿಗಾ ವೆರ್ತೊವ್ ಅವರ ತಂಡಕ್ಕೆ ಬಂದು, ಮುಂದೆ ಅವರನ್ನೇ ಮದುವೆಯಾದರು. ವೆರ್ತೊವ್ ನಿರ್ದೇಶಕ, ಅವರ ತಮ್ಮ ಮಿಖಾಯಿಲ್ ಕೌಫ್‌ಮನ್ ಛಾಯಾಗ್ರಾಹಕ, ಸ್ವಿಲೊವಾ ಸಂಕಲನಕಾರ್ತಿ: ಈ ಮೂವರು ಸೇರಿ ಮಾಡಿದ ಚಿತ್ರವೇ 1929ರ 'ಮ್ಯಾನ್ ವಿತ್ ಎ ಮೂವಿ ಕ್ಯಾಮೆರಾ'.

ಆ ಚಿತ್ರದ ಒಂದು ಭಾಗವನ್ನು ಇಲ್ಲಿ ನಿಧಾನವಾಗಿ ನೋಡೋಣ. ಸಂಕಲನ ಎಂದರೇನು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಪಾಠ ನನಗೆ ಸಿಕ್ಕಿಲ್ಲ. ಬೀದಿಯಲ್ಲಿ ಸಾರೋಟು ಓಡುತ್ತಿದೆ. ಕುದುರೆ ಇದ್ದಕ್ಕಿದ್ದಂತೆ ಸ್ತಬ್ಧವಾಗುತ್ತದೆ. ಒಳಗೆ ಕೂತ ಹೆಂಗಸರು, ಜನ ತುಂಬಿದ ಬೀದಿ, ಮಕ್ಕಳ ಮುಖಗಳು, ಎಲ್ಲವೂ ನಿಂತ ಚಿತ್ರಗಳಾಗುತ್ತವೆ. ಆಮೇಲೆ ಆ ಮುಖಗಳು ಫಿಲ್ಮ್ ಪಟ್ಟಿಯ ಸಣ್ಣ ಚೌಕಗಳಲ್ಲಿ ಕಾಣುತ್ತವೆ. ಈಗ ತೆರೆಯ ಮೇಲೆ ಸ್ವಿಲೊವಾ ಅವರೇ! ಕಪಾಟಿನಲ್ಲಿ ಸಾಲಾಗಿ ಇಟ್ಟ ಸುರುಳಿಗಳ ನಡುವೆ, ಕೆಳಗಿನಿಂದ ಬೆಳಕು ಬರುವ ಮೇಜಿನ ಮುಂದೆ, ಕೈಯಲ್ಲಿ ಕತ್ತರಿ. ಅವರು ಪಟ್ಟಿಯನ್ನು ಪರೀಕ್ಷಿಸುತ್ತಾರೆ, ಕತ್ತರಿಸುತ್ತಾರೆ. ಮರುಗಳಿಗೆ ಆ ಮಕ್ಕಳು ನಗುತ್ತಾರೆ, ಕುದುರೆ ಓಡುತ್ತದೆ.

ಇದರಲ್ಲಿ ಎರಡು ಸಂಗತಿಗಳಿವೆ. ಫಿಲ್ಮಿನಲ್ಲಿ ಚಲನೆ ಇಲ್ಲವೇ ಇಲ್ಲ. ಇರುವುದು ನಿಂತ ಚಿತ್ರಗಳ ಸಾಲು, ಅವು ಬೇಗಬೇಗ ಸರಿದಾಗ ನಮಗೆ ಚಲನೆ ಕಾಣುತ್ತದೆ. ಇಷ್ಟನ್ನು ಎಲ್ಲರೂ ಬೇಗ ಒಪ್ಪುತ್ತಾರೆ. ಎಡವುವುದು ಎರಡನೆಯದರಲ್ಲಿ: ಶಾಟಿನ ಅರ್ಥ ಕೂಡ ಅದರೊಳಗೆ ಪೂರ್ತಿ ಇರುವುದಿಲ್ಲ. ಇಲ್ಲಿ ಸುಮ್ಮನೆ ಮಕ್ಕಳಾಗಿ ಕಂಡ ಅದೇ ಮುಖಗಳು, ಚಿತ್ರದ ಮುಂದಿನ ಭಾಗದಲ್ಲಿ ಒಬ್ಬ ಜಾದೂಗಾರನ ಪಕ್ಕ ಬಂದು ಕೂತಾಗ ಬೆರಗಾದ ಪ್ರೇಕ್ಷಕರಾಗುತ್ತವೆ. ಆ ಬೆರಗಿನಲ್ಲಿ ಸಂಕಲನದ ಪಾಲೂ ಇದೆ.

ಎರಡನೆಯ ಮಹಾಯುದ್ಧದ ಹೊತ್ತಿಗೆ ಸ್ವಿಲೊವಾ ಸ್ವತಃ ನಿರ್ದೇಶಕಿ. 1945ರಲ್ಲಿ ಆಶ್‌ವಿಟ್ಸ್ ಎಂಬ ನಾಜಿ ಮರಣಶಿಬಿರದ ಕುರಿತ ಸಾಕ್ಷ್ಯಚಿತ್ರ ಮಾಡಿದರು. ನಾಜಿ ನಾಯಕರ ನ್ಯೂರೆಂಬರ್ಗ್ ವಿಚಾರಣೆಯ ಬಗೆಗಿನ ಚಿತ್ರದಲ್ಲಿ ನಿರ್ದೇಶಕ ರೋಮನ್ ಕಾರ್ಮೆನ್ ಜೊತೆ ದುಡಿದರು. 1954ರಲ್ಲಿ ವೆರ್ತೊವ್ ತೀರಿಕೊಂಡ ಮೇಲೆ ಅವರ ಬರಹಗಳನ್ನೂ ದಿನಚರಿಗಳನ್ನೂ ಜೋಪಾನ ಮಾಡಿದವರು ಇವರೇ. 1975ರಲ್ಲಿ ನಿಧನರಾದರು.

ಓದುಗರೇ, 'ಮ್ಯಾನ್ ವಿತ್ ಎ ಮೂವಿ ಕ್ಯಾಮೆರಾ' ಮೂಕಿ ಚಿತ್ರ, ಭಾಷೆಯ ತೊಡಕಿಲ್ಲ. ಒಮ್ಮೆ ಪೂರ್ತಿ ನೋಡಿ. ಮತ್ತೊಮ್ಮೆ ಸಂಗೀತವನ್ನು ನಿಲ್ಲಿಸಿ, ಪ್ರತಿ ಶಾಟ್ ಬದಲಾಗುವಲ್ಲಿ ಒಂದು ಗೀಟು ಹಾಕುತ್ತಾ ನೋಡಿ. ಆಮೇಲೆ ನಿಮಗಿಷ್ಟವಾದ ಕನ್ನಡ ಚಿತ್ರವೊಂದನ್ನು ಹಾಗೆಯೇ ನೋಡಿ, ಅದರ ಸಂಕಲನಕಾರರ ಹೆಸರನ್ನು ಬರೆದಿಟ್ಟುಕೊಳ್ಳಿ.